ಎಲೆಫ್ಸಿನಾದಲ್ಲಿ ಮಡಿಲಿಗೆ ಬಿದ್ದ ಗೋಧಿ

ನಂಜನಗೂಡು

ಕಡಲು ದಾಟಿ ಬಂದವರು ಮೊದಲು ಹಡಗಿನ ಉದ್ದಗಲ ಹೇಳುತ್ತಾರೆ. ನನ್ನಿಂದ ಅದು ಆಗದು. ಹಡಗಿನಲ್ಲಿ ನಾನು ಬಹುಪಾಲು ನೋಡಿದ್ದು ಒಂದು ತಗಡಿನ ಬೋಗುಣಿಯ ತಳವನ್ನು. ಕೋಣೆ ಗುಡಿಸಲು ಬರುತ್ತಿದ್ದ ಹೆಂಗಸು, ಊಟದ ಮೇಜಿನ ದೊರೆಸಾನಿಯರು, ನಮ್ಮ ಯಜಮಾನರು, ಎಲ್ಲರೂ ಅದನ್ನು ಕಡಲಬೇನೆ ಎಂದರು. ನಾನೂ ಹೂಂಗುಟ್ಟಿದೆ. ಕಡಲನ್ನು ಕಾಣುವುದಕ್ಕೆ ಎಷ್ಟೋ ಮೊದಲು, ನಂಜನಗೂಡಿನ ಸ್ಟೇಷನ್ನಿನಲ್ಲಿ ರೈಲಿಗೆ ಕಾಯುತ್ತಿದ್ದಾಗಲೇ ಅದು ಶುರುವಾಗಿತ್ತು ಎಂಬುದು ನನ್ನೊಬ್ಬಳಿಗೇ ಗೊತ್ತಿತ್ತು.

ನನಗೆ ಆಗ ಮೂರನೆಯ ತಿಂಗಳು. ಇದಕ್ಕೆ ಮುಂಚೆ ಎರಡು ಸಲ ಬಸಿರಾಗಿದ್ದೆ. ಎರಡೂ ನಾಲ್ಕನೆಯ ತಿಂಗಳಲ್ಲಿ ಇಳಿದುಹೋದವು. ಎರಡೂ ಸಲ ನಾನಿದ್ದದ್ದು ನಂಜನಗೂಡಿನ ಅತ್ತೆಮನೆಯ ಅದೇ ಹಿಂದಿನ ಕೋಣೆಯಲ್ಲಿ. ಎರಡನ್ನೂ ಸೂಲಗಿತ್ತಿ ಹಳೆ ಬಟ್ಟೆಯಲ್ಲಿ ಸುತ್ತಿ ಹಿತ್ತಿಲ ಬಾಳೆಯ ಬುಡದಲ್ಲಿ ಹುಗಿದು, ಕೈಕಾಲು ತೊಳೆದು, ಬಿಸಿನೀರು ಕೇಳಿದಳು. ಅಷ್ಟೇ. ಹೆಸರಿಲ್ಲದವಕ್ಕೆ ಏನು ಮಾಡುವುದಕ್ಕಿದೆ ಎಂದು ಅತ್ತೆ ಹೇಳಿದರು. ಅವರು ಕೆಟ್ಟವರಲ್ಲ. ಅವರ ಕಾಲದಲ್ಲೂ ಹಾಗೆಯೇ ಆಗಿತ್ತು.

ಆಮೇಲೆ ನನಗೆ ಆ ಕೋಣೆಯ ಮೇಲೆಯೇ ಹೆದರಿಕೆ ಹುಟ್ಟಿತು. ಹುಚ್ಚು ಎನ್ನಿ. ಈ ಸಲ ನಾಲ್ಕನೆಯ ತಿಂಗಳು ಬರುವಾಗ ಆ ಕೋಣೆಯಲ್ಲಿ ಮಾತ್ರ ಇರಬಾರದು, ಬೇರೆ ಎಲ್ಲಿದ್ದರೂ ಸರಿ ಎಂದು ಮನಸ್ಸಿನಲ್ಲಿ ಹಟ ಹಿಡಿದಿದ್ದೆ. ತವರು ನರಸೀಪುರ. ಅಲ್ಲಿಗೆ ಹೋಗುತ್ತೇನೆ ಎಂದರೆ ಯಾಕೆ ಎನ್ನುತ್ತಾರೆ, ಯಾಕೆ ಎಂದರೆ ಹೇಳಬೇಕು, ಹೇಳಿದರೆ ಎತ್ತಿನ ಗಾಡಿಯ ಕುಲುಕಾಟ ಬೇಡ ಎಂದು ಅದೇ ಕೋಣೆಗೆ ಕಳಿಸುತ್ತಾರೆ. ಅಷ್ಟರಲ್ಲಿ ಈ ಪ್ರಯಾಣ ಒದಗಿ ಬಂತು.

ನಮ್ಮ ಯಜಮಾನರು ಮೈಸೂರಿನಲ್ಲಿ ಉಪಾಧ್ಯಾಯರು. ಒಬ್ಬ ಮುದುಕ ಇಂಗ್ಲಿಷ್ ಪಂಡಿತರು ಬನ್ನೂರು, ನರಸೀಪುರದ ಕಡೆ ಕಣದ ರಾಶಿಪೂಜೆ ನೋಡಲು ಬಂದಿದ್ದಾಗ ಇವರೇ ದುಭಾಷಿ. ಊರೂರಿನ ಬೆಳೆಯ ದೇವತೆಗಳನ್ನು ಹೋಲಿಸಿ ಪುಸ್ತಕ ಬರೆಯುವುದು ಆ ದೊರೆಗಳ ಕೆಲಸ. ನಮ್ಮಪ್ಪನ ಕಣಕ್ಕೂ ಬಂದಿದ್ದರು. ರಾಶಿ ಅಳೆಯುವಾಗ ಮೊದಲನೆಯ ಕೊಳಗಕ್ಕೆ ಒಂದು ಎನ್ನದೆ ಲಾಭ ಎನ್ನುವುದು ನಮ್ಮ ವಾಡಿಕೆ. ಆ ಹೊತ್ತಿನಲ್ಲಿ ಬೇರೆ ಯಾರೂ ತುಟಿ ಬಿಚ್ಚುವಂತಿಲ್ಲ. ದೊರೆಗಳು ಕಲಿತ ಕನ್ನಡವನ್ನು ತೋರಿಸುವ ಉತ್ಸಾಹದಲ್ಲಿ ಗಟ್ಟಿಯಾಗಿ ಒಂದು ಎಂದುಬಿಟ್ಟರು. ಅಪ್ಪ ರಾಶಿಯ ಮೇಲೆ ಗಣಪನೆಂದು ಇಟ್ಟ ಸಗಣಿ ಬೆನವನಿಗೆ ಮತ್ತೆ ಕೈಮುಗಿದು ಮೊದಲಿನಿಂದ ಅಳೆಸಿದರು. ದೊರೆಗಳಿಗೆ ಅದರಿಂದ ಬೇಸರವೇನೂ ಆಗಲಿಲ್ಲ, ಅದನ್ನೂ ಬರೆದುಕೊಂಡರು.

ಅವರು ಗ್ರೀಸ್ ದೇಶಕ್ಕೆ ಹೋಗುವಾಗ ನಮ್ಮವರನ್ನು ಕೆಲವು ತಿಂಗಳ ಮಟ್ಟಿಗೆ ಜೊತೆಗೆ ಕರೆದರು. ಹೆಂಗಸರ ಪೂಜೆಯನ್ನು ಗಂಡಸರು ನೋಡಲಾಗದು, ಅದನ್ನು ನೋಡಿ ಹೇಳುವುದಕ್ಕೆ ಕಣ ಗೊತ್ತಿರುವ ಹೆಂಗಸೊಬ್ಬಳು ಬೇಕು ಎಂದು ನನ್ನನ್ನೂ ಕರೆದರು. ಅತ್ತೆ ವಾರಗಟ್ಟಲೆ ಮುನಿದರು. ನಾನು ಮಾತ್ರ ಬಾಯಿ ಬಿಡಲಿಲ್ಲ. ಹೊರಡುವ ಮುನ್ನ ಹೇಳಿ ಬರಲು ನರಸೀಪುರಕ್ಕೆ ಹೋದಾಗ ಅವ್ವ ನನ್ನ ಮುಖವನ್ನು ಒಂದು ಗಳಿಗೆ ನೋಡಿದಳು, ಅಷ್ಟಕ್ಕೇ ತಿಳಿದುಹೋಯಿತು. ಬೈಯುತ್ತಾಳೆ ಎಂದುಕೊಂಡೆ.

"ಮೂರ್ ತಿಂಗ್ಳು ತುಂಬೋಗಂಟ ಯಾರ್ಗೂ ಬಾಯ್ಬುಡ್ಬ್ಯಾಡ ಕಣವ್ವ. ನಿನ್ ಗಂಡುಂಗೂವೆ. ಒಟ್ಟೇಲಿರೋದು ಒಟ್ಟೇಲೇ ಇರ್ಲಿ," ಎಂದಳು.

ಹಡಗು

ನಾಲ್ಕನೆಯ ತಿಂಗಳು ಹಡಗಿನಲ್ಲೇ ಬಂತು. ಇಂಜಿನು ಹಗಲಿರುಳು ನಡುಗಿಸುವುದು. ಆ ನಡುಕ ಮಂಚದ ಕಾಲಿನಿಂದ ಹತ್ತಿ ನನ್ನ ಬೆನ್ನಿಗೆ ಬರುವುದು. ಗಾಡಿಯ ಕುಲುಕಾಟಕ್ಕೆ ಹೆದರಿದವಳು ಇದನ್ನು ತಲೆಯ ಮೇಲೆ ಹಾಕಿಕೊಂಡೆನಲ್ಲ ಎಂದು ನನ್ನನ್ನೇ ಬೈದುಕೊಂಡೆ. ಇಷ್ಟಲಿಂಗವನ್ನು ಅಂಗೈಯಲ್ಲಿಟ್ಟು ಪೂಜೆಗೆ ಕೂತರೆ ಕಣ್ಣು ಲಿಂಗದ ಮೇಲೆ, ಗಮನವೆಲ್ಲ ಹೊಟ್ಟೆಯ ಮೇಲೆ.

ನಮ್ಮವರು ನನ್ನ ಬೇಸರ ಕಳೆಯಲು ಗ್ರೀಸಿನವರ ಹಳೆಯ ದೇವತೆಗಳ ಕಥೆ ಹೇಳುತ್ತಿದ್ದರು. ಅವರಲ್ಲಿ ಎಲ್ಲಕ್ಕೂ ಮೈ ಇದೆ. ಚಿಗುರು ಎಂದರೆ ಒಬ್ಬಳು ಹುಡುಗಿ. ಫಲ ಎಂದರೆ ಅವಳ ತಂಗಿ. ಪೈರಿನ ತಾಯಿಯೊಬ್ಬಳು, ದೆಮೆತೆರ್ ಎಂದು ಅವಳ ಹೆಸರು. ಮೂರು ಸಾಲು ಉತ್ತ ಹೊಲದಲ್ಲಿ ಅವಳಿಗೆ ಹುಟ್ಟಿದ ಕೂಸಿನ ಹೆಸರು ಐಶ್ವರ್ಯ. ನಮ್ಮಲ್ಲೂ ಧಾನ್ಯಲಕ್ಷ್ಮಿ, ಸಂತಾನಲಕ್ಷ್ಮಿ ಎಂದು ಲಕ್ಷ್ಮಿಯನ್ನು ಎಂಟು ಪಾಲು ಮಾಡಿಲ್ಲವೇ, ಹಾಗೆ. ಗಂಡಸರಿಗೆ ಪ್ರವೇಶವಿಲ್ಲದ ಒಂದು ಹಬ್ಬವನ್ನು ಹೆಂಗಸರು ಬಿತ್ತನೆಯ ಕಾಲಕ್ಕೆ ಮಾಡುತ್ತಿದ್ದರಂತೆ. ಅದರ ಕೊನೆಯ ದಿನ ಸುಖವಾದ ಹೆರಿಗೆಯ ಹೆಸರಿನದು. ಆ ಹೆರಿಗೆಯನ್ನೂ ಒಬ್ಬ ದೇವಿ ಮಾಡಿ ಕೂರಿಸಿದ್ದರು.

"ಅವಳ ಹೆಸರೇನ್ರೀ?" ಎಂದೆ.

"ಕಲ್ಲಿಗೆನೆಯಾ. ಚೆಂದದ ಹುಟ್ಟು ಅಂತ. ಯಾಕೆ?"

ಸುಮ್ಮನೆ ಕೇಳಿದೆ ಎಂದೆ. ಆ ದಿನದಿಂದ ನಂಜುಂಡೇಶ್ವರನ ಹೆಸರಿನ ಜೊತೆಗೆ ಅವಳ ಹೆಸರನ್ನೂ ಕದ್ದು ಹೇಳಿಕೊಳ್ಳತೊಡಗಿದೆ. ಶಿವನನ್ನು ಬಿಟ್ಟು ಬೇರೆಯವರನ್ನು ನೆನೆಯಬಾರದು ಎಂದು ಮಠದ ಸ್ವಾಮಿಗಳು ಹೇಳಿಕೊಟ್ಟಿದ್ದು ನೆನಪಿತ್ತು. ಸ್ವಾಮಿಗಳು ಹೆತ್ತವರಲ್ಲ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ.

ಆ ಪೈರಿನ ತಾಯಿಯ ಕಥೆಯಲ್ಲಿ ಮಾತ್ರ ನನಗೆ ಇಷ್ಟವಾಗದ್ದು ಒಂದಿತ್ತು. ಅವಳ ಮಗಳನ್ನು ಸತ್ತವರ ಲೋಕದ ದೊರೆ ಹೊತ್ತುಕೊಂಡು ಹೋಗುತ್ತಾನೆ. ತಾಯಿ ಹುಡುಕಿ ಹುಡುಕಿ ಸೋತು, ಲೋಕದಲ್ಲಿ ಒಂದು ಕಾಳೂ ಮೊಳೆಯದ ಹಾಗೆ ಮಾಡುತ್ತಾಳೆ. ಮಗಳು ವಾಪಸು ಬರುತ್ತಾಳೆ, ಆದರೆ ಪೂರ್ತಿಯಾಗಿ ಅಲ್ಲ. ಅಲ್ಲಿ ನಾಲ್ಕು ದಾಳಿಂಬೆ ಕಾಳು ತಿಂದಿರುತ್ತಾಳೆ. ಸತ್ತವರ ಊಟ ಬಾಯಿಗೆ ಹಾಕಿದವರು ಸತ್ತವರಿಗೆ ಸೇರಿದವರು ಎಂದು ಅಲ್ಲಿಯ ಕಟ್ಟಳೆ. ನಮ್ಮವರು ಇದನ್ನು ಬಹಳ ಸೊಗಸಾದ ಕಲ್ಪನೆ ಎಂದರು. ನಾನು ಗೋಡೆಯ ಕಡೆ ತಿರುಗಿ ಮಲಗಿದೆ.

ಪಿರೇಯಸ್

ಅಥೆನ್ಸಿನ ರೇವಿಗೆ ಪಿರೇಯಸ್ ಎಂದು ಹೆಸರು. ಬೊಂಬಾಯಿ ಕಡೆಯಿಂದ ಬಂದವರು ಎಂದ ಕೂಡಲೇ ಅಲ್ಲಿಯವರು ನಮ್ಮನ್ನು ಬೇರೆ ಸಾಲಿನಲ್ಲಿ ನಿಲ್ಲಿಸಿದರು. ಪ್ಲೇಗಿನ ಭಯ. ನಮ್ಮೂರಲ್ಲೂ ಪ್ಲೇಗು ಬಂದಾಗ ಮನೆ ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಂಡು ಇದ್ದವರೇ ನಾವು, ಆದ್ದರಿಂದ ಅವರನ್ನು ತಪ್ಪು ಎನ್ನುವ ಹಾಗಿರಲಿಲ್ಲ. ಆದರೆ ಡಾಕ್ಟರು ಒಬ್ಬೊಬ್ಬರ ಕಂಕುಳು, ತೊಡೆಸಂದಿ ಒತ್ತಿ ಗೆಡ್ಡೆ ಇದೆಯೇ ಎಂದು ನೋಡುತ್ತಾನೆ ಎಂದು ಯಾರೋ ಹೇಳಿದರು. ನನ್ನ ಜೀವ ಬಾಯಿಗೆ ಬಂತು. ಪರಪುರುಷ ಮುಟ್ಟುತ್ತಾನೆ ಎಂಬ ಸಂಕೋಚ ಒಂದು. ಹೊಟ್ಟೆ ಒತ್ತಿದರೆ ಗುಟ್ಟು ಅವನಿಗೆ ಗೊತ್ತಾಗಿ, ಅವನು ನಮ್ಮವರಿಗೆ ಹೇಳಿ, ಅಲ್ಲಿಂದಲೇ ಊರಿಗೆ ಮುಖ ತಿರುಗಿಸಬೇಕಾಗುತ್ತದೆ ಎಂಬ ದಿಗಿಲು ಇನ್ನೊಂದು.

ನನ್ನ ಸರದಿ ಬಂದಾಗ ಸೆರಗನ್ನು ಎರಡು ಸುತ್ತು ಸುತ್ತಿಕೊಂಡು ಕಂಬದ ಹಾಗೆ ನಿಂತೆ. ಡಾಕ್ಟರು ನನ್ನ ಹಣೆಯ ವಿಭೂತಿಯನ್ನೇ ರೋಗದ ಗುರುತು ಎಂದುಕೊಂಡನೋ ಏನೋ, ಬೆರಳಿನಿಂದ ಒರೆಸಿ, ಅದು ಅಳಿಸಿಹೋದಾಗ ನಕ್ಕ. ನಾಲಿಗೆ ತೋರಿಸು ಎಂದು ಸನ್ನೆ ಮಾಡಿದ. ಕುತ್ತಿಗೆ ಮುಟ್ಟಿ ಕಳಿಸಿಬಿಟ್ಟ. ನಾನು ಪಕ್ಕದಲ್ಲಿದ್ದ ಯಾರದೋ ಪೆಟ್ಟಿಗೆಯ ಮೇಲೆ ಕೂತುಬಿಟ್ಟೆ. ಪೆಟ್ಟಿಗೆಯೊಳಗೆ ಮೊಟ್ಟೆಗಳಿದ್ದವು. ಅವುಗಳ ಯಜಮಾನನಿಗೂ ನಮ್ಮವರಿಗೂ ಆದ ಮಾತುಕತೆಯನ್ನು ಇಲ್ಲಿ ಬರೆಯುವುದಿಲ್ಲ.

ಅಥೆನ್ಸ್

ನಮ್ಮವರು ಕಾಲೇಜಿನಲ್ಲಿ ಹಳೆಯ ಗ್ರೀಕನ್ನು ಸ್ವಲ್ಪ ಓದಿಕೊಂಡಿದ್ದರು. ಅದನ್ನು ನಂಬಿಕೊಂಡು ಬೀದಿಯಲ್ಲಿ ಹಾಲು ಕೇಳಿದರು. ಹಾಲಿನವನು ಟೊಪ್ಪಿಗೆ ತೆಗೆದು ನಿಂತ. ಬನ್ನೂರಿನ ಸಂತೆಯಲ್ಲಿ ಹಳಗನ್ನಡದಲ್ಲಿ ಬದನೆಕಾಯಿ ಕೇಳಿದರೆ ಏನಾದೀತೋ ಅದೇ ಆಯಿತು. ಪಾಪದವನು ಇದು ಇಗರ್ಜಿಯ ಮಂತ್ರವೆಂದು ತಿಳಿದುಕೊಂಡಿದ್ದ.

ದೊರೆಗಳು ಅಲ್ಲಿಯ ವಸ್ತುಸಂಗ್ರಹಾಲಯದಲ್ಲಿ ಒಂದು ದೊಡ್ಡ ಕಲ್ಲು ತೋರಿಸಿದರು. ಎಲೆಫ್ಸಿನಾ ಎಂಬ ಹಳ್ಳಿಯಲ್ಲಿ ಸಿಕ್ಕಿದ್ದಂತೆ. ಒಂದು ಕಡೆ ಆ ಪೈರಿನ ತಾಯಿ, ಇನ್ನೊಂದು ಕಡೆ ಮಗಳು, ನಡುವೆ ಒಬ್ಬ ಬತ್ತಲೆ ಹುಡುಗ. ತಾಯಿ ಅವನಿಗೆ ಗೋಧಿಯ ತೆನೆ ಕೊಡುತ್ತಿದ್ದಾಳೆ. ತೆನೆ ಮಾತ್ರ ಕಾಣುವುದಿಲ್ಲ, ಅದನ್ನು ಚಿನ್ನದಲ್ಲಿ ಮಾಡಿದ್ದರೋ ಬಣ್ಣದಲ್ಲಿ ಬರೆದಿದ್ದರೋ, ಹೋಗಿಬಿಟ್ಟಿದೆ. ದೊರೆಗಳು ಗಂಟೆಗಟ್ಟಲೆ ವಿವರಿಸಿದರು. ಆ ಖಾಲಿ ಕೈಯನ್ನು ನೋಡುತ್ತ ನನಗೆ ಸೊಂಟ ಸಣ್ಣಗೆ ನೋಯಲು ಶುರುವಾಯಿತು. ನಿಂತು ನಿಂತು ಬಂದ ನೋವೋ ಅಥವಾ ಆ ನೋವೋ ಎಂದು ತಿಳಿಯಲಿಲ್ಲ. ಕೂತ ಮೇಲೆ ಹೋಯಿತು. ಆದರೆ ಅಂದಿನಿಂದ ದಿನಕ್ಕೆ ಎಷ್ಟು ಸಲ ಕತ್ತಲ ಕೋಣೆಗೆ ಹೋಗಿ ಸೀರೆಯ ಒಳಮಗ್ಗುಲನ್ನು ಪರೀಕ್ಷಿಸುತ್ತಿದ್ದೆನೋ ನನಗೇ ಲೆಕ್ಕವಿಲ್ಲ.

ಎಲೆಫ್ಸಿನಾ

ದೊರೆಗಳಿಗೆ ಕಾಲಿನ ಊತ. ನೀವು ಮುಂದೆ ಹೋಗಿ, ಬಿತ್ತನೆಯ ಹಬ್ಬದ ಹೊತ್ತಿಗೆ ನಾನು ಬರುತ್ತೇನೆ ಎಂದು ನಮ್ಮಿಬ್ಬರನ್ನೂ ಆ ಹಳ್ಳಿಗೆ ಕಳಿಸಿದರು. ಕಡಲ ದಂಡೆಯ ಊರು. ಮುರಿದ ಕಂಬಗಳು, ಕೆತ್ತಿದ ಕಲ್ಲುಗಳು ಹೊಲದಲ್ಲಿ ಬದುವಿನ ಹಾಗೆ ಬಿದ್ದಿವೆ. ನಮ್ಮಲ್ಲಿ ಭತ್ತ ಕೊಯ್ಯಲು ಕುಡುಗೋಲು ಮಸೆಯುವ ಹೊತ್ತಿನಲ್ಲಿ ಅವರು ಗೋಧಿ ಬಿತ್ತುತ್ತಾರೆ. ಚಳಿ ಮಾತ್ರ ನಮ್ಮ ಕಡೆಯದಲ್ಲ.

ನಾವು ಇಳಿದುಕೊಂಡದ್ದು ಮುದುಕ ಯಾನ್ನಿ ಮತ್ತು ಅವನ ಹೆಂಡತಿ ಸ್ತಮಾತಾಳ ಮನೆಯಲ್ಲಿ. ಮುದುಕ ಪ್ರಾಯದಲ್ಲಿ ಹಡಗಿನ ಕೆಲಸ ಮಾಡಿದವನು, ಬೊಂಬಾಯಿ ನೋಡಿದವನು, ಹರಕು ಮುರುಕು ಇಂಗ್ಲಿಷು ಬಲ್ಲವನು. ಸ್ತಮಾತಾಳಿಗೆ ಅವಳ ಭಾಷೆ ಬಿಟ್ಟು ಬೇರೆ ಏನೂ ಬರದು. ತಲೆಯಿಂದ ಕಾಲಿನವರೆಗೆ ಕರಿಬಟ್ಟೆ. ಗಂಡ ಬದುಕಿದ್ದಾನೆ, ಅಂದ ಮೇಲೆ ಮುತ್ತೈದೆ, ಚಳಿಗೆ ಕರಿಬಟ್ಟೆ ಹೊದ್ದಿದ್ದಾಳೆ ಎಂದು ನಾನು ತಿಳಿದೆ. ಅದು ಅವರಲ್ಲಿ ದುಃಖದ ಬಣ್ಣ ಎಂದು ನನಗೆ ಯಾರೂ ಹೇಳಿರಲಿಲ್ಲ.

ಗಾಡಿಯಿಂದ ಇಳಿಯುವಾಗ ನಾನು ಅಭ್ಯಾಸಬಲದಿಂದ ಒಂದು ಕೈಯನ್ನು ಹೊಟ್ಟೆಗೆ ಕೊಟ್ಟುಕೊಂಡೆ. ಸ್ತಮಾತಾ ಅದನ್ನು ನೋಡಿದಳು. ಹತ್ತಿರ ಬಂದು ನನ್ನ ಮುಖದ ಮುಂದೆ ಥು ಥು ಥು ಎಂದು ಉಗಿದ ಹಾಗೆ ಮಾಡಿದಳು. ನಮ್ಮವರ ಮುಖ ಕೆಂಪಾಯಿತು, ಇಷ್ಟು ದೂರ ಬಂದು ಉಗಿಸಿಕೊಳ್ಳಬೇಕೇ ಎಂದು. ನನಗೆ ಮಾತ್ರ ಅವ್ವನೇ ಎದುರಿಗೆ ನಿಂತ ಹಾಗಾಯಿತು. ದೃಷ್ಟಿ ತೆಗೆಯುವುದನ್ನು ಯಾವ ಹೆಂಗಸಿಗೂ ಬಿಡಿಸಿ ಹೇಳಬೇಕಾಗಿಲ್ಲ. ಆದರೆ ಮರುಕ್ಷಣವೇ ಹೊಳೆಯಿತು. ಇವಳಿಗೆ ಗೊತ್ತಾಗಿದೆ.

ಗಂಡಸರಿಬ್ಬರ ಬಾಯಿ ದಾಟಿಸದೆ ಅವಳೊಡನೆ ಏನನ್ನೂ ಮಾತಾಡುವ ಹಾಗಿಲ್ಲ. ನಾನು ನಮ್ಮವರಿಗೆ ಹೇಳಬೇಕು, ಅವರು ಮುದುಕನಿಗೆ ಹೇಳಬೇಕು, ಮುದುಕ ಅವಳಿಗೆ. ಯಾರಿಗೂ ಹೇಳಬೇಡ ಎಂಬ ಮಾತನ್ನು ಹೀಗೆ ಊರಿಗೆಲ್ಲ ಸಾರಿ ಹೇಳುವುದು ಹೇಗೆ? ತುಟಿಯ ಮೇಲೆ ಬೆರಳಿಟ್ಟು ತೋರಿಸಿದೆ. ಅವಳು ಕಣ್ಣು ಮುಚ್ಚಿ ತೆರೆದಳು. ಆಮೇಲೆ ನನ್ನ ಪಾಲಿನ ರೊಟ್ಟಿಗೆ ಎಣ್ಣೆ ಹೆಚ್ಚಾಯಿತು, ಬಾವಿಯ ಕೊಡ ನನ್ನ ಕೈಗೆ ಸಿಗದಾಯಿತು.

ಮುದುಕ ಸಂಜೆ ಹೊತ್ತು ಕಥೆ ಹೇಳುತ್ತಿದ್ದ. ಆ ಊರಿನ ಕಣದಲ್ಲಿ ಅವನ ಅಜ್ಜನ ಕಾಲದವರೆಗೂ ಒಂದು ಕಲ್ಲಿನ ಹೆಂಗಸಿದ್ದಳಂತೆ. ತಲೆಯ ಮೇಲೆ ಬುಟ್ಟಿ ಹೊತ್ತವಳು. ಮುಖ ಅರ್ಧ ಸವೆದಿತ್ತು. ಊರಿನವರು ಇಗರ್ಜಿಗೂ ಹೋಗುತ್ತಿದ್ದರು, ಅವಳ ಸುತ್ತ ಗೊಬ್ಬರವನ್ನೂ ಕುತ್ತಿಗೆಮಟ್ಟ ಪೇರಿಸುತ್ತಿದ್ದರು. ಅವಳಿದ್ದರೆ ಬೆಳೆ. ನನಗೆ ನಮ್ಮ ರಾಶಿಯ ಮೇಲಿನ ಸಗಣಿ ಬೆನವ ನೆನಪಾಗಿ ಕಣ್ಣು ತುಂಬಿತು. ಒಬ್ಬ ಇಂಗ್ಲಿಷಿನವನು ಬಂದು ಅವಳನ್ನು ಹಡಗಿಗೆ ಹಾಕಿಕೊಂಡು ಹೋದ. ಸಾಗಿಸುವ ಹಿಂದಿನ ದಿನ ಒಂದು ಎತ್ತು ಹಗ್ಗ ಕಿತ್ತುಕೊಂಡು ಬಂದು ಅವಳನ್ನು ಹಾಯ್ದು ಹಾಯ್ದು ಗೋಳಾಡಿತಂತೆ. ಆ ವರ್ಷ ಬೆಳೆ ಹೋಯಿತೇ ಎಂದು ನಮ್ಮವರು ಕೇಳಿದರು. ಆ ವರ್ಷ ಹೋಗಲಿಲ್ಲ, ಆಮೇಲೆ ಹೋದಾಗಲೆಲ್ಲ ಬೈಯಲು ಒಬ್ಬ ಸಿಕ್ಕಿದ ಎಂದ ಮುದುಕ.

ಶನಿವಾರ

ಅಲ್ಲಿಗೆ ಹೋದ ಕೆಲವೇ ದಿನಕ್ಕೆ ಒಂದು ಶನಿವಾರ ಬೆಳಿಗ್ಗೆ ಸ್ತಮಾತಾ ಇಗರ್ಜಿಯಿಂದ ಒಂದು ದೊಡ್ಡ ತಟ್ಟೆ ಹಿಡಿದು ಹೊರಗೆ ಬಂದಳು. ನಾನು ಬಾಗಿಲ ಬಳಿ ನಿಂತಿದ್ದೆ. ತಟ್ಟೆಯಲ್ಲಿ ಬೇಯಿಸಿದ ಗೋಧಿ. ಸಕ್ಕರೆ, ದ್ರಾಕ್ಷಿ, ಬಾದಾಮಿ, ದಾಳಿಂಬೆ ಕಾಳು ಬೆರೆಸಿದ್ದು. ಬಂದವರಿಗೆಲ್ಲ ಒಂದೊಂದು ಹಿಡಿ ಕೊಡುತ್ತಿದ್ದಳು. ಅವರು ಏನೋ ಗೊಣಗಿ ಬಾಯಿಗೆ ಹಾಕಿಕೊಳ್ಳುತ್ತಿದ್ದರು.

ಬಿತ್ತನೆಯ ಹಬ್ಬದಲ್ಲಿ ಹೆಂಗಸರು ಕಾಳು ಬೇಯಿಸಿ ಹಂಚುತ್ತಾರೆ, ಅದನ್ನು ನೋಡಬೇಕು ಎಂದು ದೊರೆಗಳು ನೂರು ಸಲ ಹೇಳಿ ಕಳಿಸಿದ್ದರು. ಇದೇ ಅದು ಎಂದುಕೊಂಡೆ. ನಮ್ಮ ಗುಗ್ಗರಿಯೇ. ತೊಟ್ಟಿಲು ಕಟ್ಟಿದ ಮನೆಯಲ್ಲಿ ಹಂಚುವ ಗುಗ್ಗರಿ ಇಲ್ಲಿ ಪೈರಿನ ತಾಯಿಯ ಹೆಸರಿನಲ್ಲಿ. ಸ್ತಮಾತಾ ನನ್ನನ್ನು ನೋಡಿ ಒಂದು ಗಳಿಗೆ ಕೈ ತಡೆದಳು. ಆಮೇಲೆ ತಟ್ಟೆಯ ಅಂಚಿನಲ್ಲಿ ಬೇರೆಯಾಗಿ ಇಟ್ಟಿದ್ದ ಒಂದು ಹಿಡಿಯನ್ನು ತೆಗೆದುಕೊಂಡಳು.

ನಾನು ಅಂಗೈ ಚಾಚಲಿಲ್ಲ. ಸೆರಗನ್ನು ಎರಡೂ ಕೈಯಲ್ಲಿ ಹಿಡಿದು ಮಡಿಲೊಡ್ಡಿದೆ. ಗಂಡನಿರುವ ಮುತ್ತೈದೆ, ಬಿತ್ತನೆಯ ಕಾಲ, ಪೈರಿನ ತಾಯಿಯ ಊರು, ಬೆಂದ ಕಾಳು. ಬಸುರಿಯ ಮಡಿಲು ತುಂಬಲು ಇದಕ್ಕಿಂತ ಒಳ್ಳೆಯ ಗಳಿಗೆ ನರಸೀಪುರದಲ್ಲಿಯೂ ಸಿಗುತ್ತಿರಲಿಲ್ಲ. ಸುತ್ತ ನಿಂತ ಹೆಂಗಸರು ತಿನ್ನುವುದನ್ನು ನಿಲ್ಲಿಸಿ ನೋಡಿದರು. ಒಬ್ಬಳು ಎದೆಯ ಮೇಲೆ ಶಿಲುಬೆಯ ಗುರುತು ಮಾಡಿಕೊಂಡಳು. ಪರದೇಶದವಳ ಭಕ್ತಿಗೆ ಮೆಚ್ಚಿದರು ಎಂದು ಹಿಗ್ಗಿದೆ. ಗೋಧಿಯನ್ನು ಮಡಿಲಿಗೆ ಹಾಕಿ ಸ್ತಮಾತಾ ಬೇಗ ಒಳಗೆ ಹೋದಳು.

ಅರ್ಧ ತಿಂದೆ. ಉಳಿದರ್ಧವನ್ನು ಒಣಗಿಸಿ ಸೆರಗಿನ ತುದಿಗೆ ಗಂಟು ಹಾಕಿಕೊಂಡು, ಬೆಳಿಗ್ಗೆ ಪೂಜೆಯಾದ ಮೇಲೆ ಒಂದೆರಡು ಕಾಳು ಪ್ರಸಾದದ ಹಾಗೆ ಬಾಯಿಗೆ ಹಾಕಿಕೊಳ್ಳುತ್ತಿದ್ದೆ. ಊರು ಬಿಟ್ಟ ಮೇಲೆ ಮೊದಲ ಸಲ ನನಗೆ ನಿದ್ದೆ ಬಂತು.

ಬಿತ್ತನೆಯ ಅಮ್ಮನ ಗುಡ್ಡ

ಹಬ್ಬದ ಬೆಳಿಗ್ಗೆ ದೊರೆಗಳು ಬರಲೇ ಇಲ್ಲ. ಕಾಲಿನ ಊತ ಇಳಿದಿರಲಿಲ್ಲ. ಪೈರಿನ ತಾಯಿಯ ಹಾಳು ಗುಡಿಯ ಮೇಲ್ಗಡೆ, ಗುಡ್ಡದ ನೆತ್ತಿಯಲ್ಲಿ ಒಂದು ಸಣ್ಣ ಇಗರ್ಜಿ. ಅಲ್ಲಿರುವವಳು ಯೇಸುವಿನ ತಾಯಿ, ಆದರೆ ಊರಿನವರು ಅವಳನ್ನು ಕರೆಯುವುದು ಬಿತ್ತನೆಯ ನಡುವಿನ ಅಮ್ಮ ಎಂದು. ಹೆಂಗಸರು ಗಡಿಗೆ ಗಡಿಗೆ ಹೊತ್ತು ಹತ್ತುತ್ತಿದ್ದರು. ಗಡಿಗೆಯಲ್ಲಿ ಬೇಯಿಸಿದ ಕಾಳು, ಗೋಧಿ, ಕಡಲೆ, ಅವರೆಯಂಥದು, ಜೋಳ, ಎಲ್ಲ ಬಗೆಯವೂ ಕೂಡಿ. ಹೊಲದಲ್ಲಿ ಏನೇನು ಬೆಳೆಯಬೇಕೋ ಅವೆಲ್ಲವೂ.

ನನಗೆ ಗೊಂದಲವಾಯಿತು. ಅಂದು ಕೊಟ್ಟದ್ದು ಬರೀ ಗೋಧಿಯಲ್ಲವೇ. ಅದು ಯಾವುದು, ಕೇಳಿ ನೋಡಿ ಎಂದು ನಮ್ಮವರಿಗೆ ಹೇಳಿದೆ. ನಮ್ಮವರು ಮುದುಕನನ್ನು ಕೇಳಿದರು. ಮುದುಕ ದೂರ ನೋಡುತ್ತ ಎರಡು ಮಾತಿನಲ್ಲಿ ಹೇಳಿ ಮುಗಿಸಿದ. ನಮ್ಮವರು ಖುಷಿಯಿಂದ ಬರೆದುಕೊಳ್ಳುತ್ತ ನನ್ನ ಕಡೆ ತಿರುಗಿದರು.

"ಅದು ಹಬ್ಬದ್ದಲ್ಲ ಕಣೇ ಪಾರೂ. ಸತ್ತೋರಿಗೆ ಇಡೋದಂತೆ. ನಮ್ಮಲ್ಲಿ ತಿಥಿ ಊಟ ಇರ್ತದಲ್ಲ, ಹಂಗೆ. ದೊರೆಗಳಿಗೆ ಇದು ಬಾಳ ಉಪಯೋಗಕ್ಕೆ ಬತ್ತದೆ."

ಕಾಲ ಕೆಳಗಿನ ಗುಡ್ಡ ಜಾರಿದ ಹಾಗಾಯಿತು. ನಮ್ಮ ಮತದಲ್ಲಿ ಸಾವಿಗೆ ಸೂತಕವಿಲ್ಲ ಎಂದು ಮಠದಲ್ಲಿ ಹೇಳುತ್ತಾರೆ, ಸರಿಯೇ. ಆದರೆ ಸಾವಿನ ಮನೆಯ ಅನ್ನವನ್ನು ಬಸುರಿಗೆ ಬಡಿಸುವ ಅತ್ತೆಯನ್ನು ನಾನು ಇದುವರೆಗೆ ನೋಡಿಲ್ಲ. ನಾನಾದರೋ ಬಾಯಲ್ಲಿ ತಿಂದದ್ದು ಮಾತ್ರವಲ್ಲ, ಮಡಿಲೊಡ್ಡಿ ಬೇಡಿ ತುಂಬಿಸಿಕೊಂಡಿದ್ದೆ. ಹೊಟ್ಟೆಗೆ ತಾಗಿಸಿ ಕಟ್ಟಿಕೊಂಡು ದಿನವೂ ತಿಂದಿದ್ದೆ. ದಾಳಿಂಬೆ ಕಾಳೂ ಇದ್ದವು.

ಗಂಟು ಬಿಚ್ಚಿ ಕಾಳುಗಳನ್ನು ಕಲ್ಲುಗಳ ನಡುವೆ ಕೊಡವಿದೆ. ವಾಂತಿಯಾಯಿತು. ಯಾರಿಗೂ ಹೇಳದೆ ಒಬ್ಬಳೇ ಗುಡ್ಡ ಇಳಿಯತೊಡಗಿದೆ. ಕಣ್ಣು ಮಂಜಾಗಿತ್ತು. ಅರ್ಧದಲ್ಲಿ ಕಾಲು ಜಾರಿ ಕೂತುಬಿಟ್ಟೆ. ದೊಡ್ಡ ಪೆಟ್ಟೇನೂ ಅಲ್ಲ. ಆದರೆ ಎದ್ದಾಗ ಸೊಂಟದಲ್ಲಿ ಆ ನೋವು ಇತ್ತು, ಈ ಸಲ ಅನುಮಾನಕ್ಕೆ ಎಡೆಯಿರಲಿಲ್ಲ. ಮನೆಗೆ ಬಂದು ನೋಡಿಕೊಂಡೆ. ಸ್ವಲ್ಪವೇ ಸ್ವಲ್ಪ ಕೆಂಪು.

ಸ್ತಮಾತಾಳ ಹಾಸಿಗೆ

ಸ್ತಮಾತಾ ಹಬ್ಬವನ್ನು ಬಿಟ್ಟು ನನ್ನ ಹಿಂದೆಯೇ ಓಡಿ ಬಂದಿದ್ದಳು. ನನ್ನನ್ನು ತನ್ನ ಮಂಚದ ಮೇಲೆ ಮಲಗಿಸಿ, ಕಾಲಿನ ಕಡೆಯ ಮಂಚದ ಅಡಿಗೆ ಇಟ್ಟಿಗೆ ಕೊಟ್ಟಳು. ನಂಜನಗೂಡಿನ ಸೂಲಗಿತ್ತಿ ಮಾಡಿದ್ದೂ ಅದನ್ನೇ. ಎರಡು ಸಲವೂ ಅದರಿಂದ ಏನೂ ಆಗಿರಲಿಲ್ಲ.

ನಮ್ಮವರಿಗೆ ಕಾಲು ಉಳುಕಿದೆ ಎಂದು ಹೇಳಿಸಿದೆ. ಮಧ್ಯಾಹ್ನವೆಲ್ಲ ಮಾಡಿನ ತೊಲೆ ನೋಡುತ್ತ ಮಲಗಿದೆ. ನೋವು ಬರುವುದು, ಹಿಡಿಯುವುದು, ಬಿಡುವುದು. ಬಿಟ್ಟಾಗ ಮತ್ತೆ ಬರುವುದನ್ನು ಕಾಯುವುದು. ಕೋಣೆಯನ್ನು ತಪ್ಪಿಸಿಕೊಂಡು ಏಳು ಕಡಲು ದಾಟಿದೆ, ಕೋಣೆ ನನ್ನ ಹಿಂದೆಯೇ ಬಂದಿದೆ ಎನಿಸಿತು. ಸ್ತಮಾತಾ ಬಿಸಿ ಸಾರು ತಂದಳು. ನಾನು ತುಟಿ ಬಿಗಿದೆ. ಹಾಲು ತಂದಳು. ಮುಖ ತಿರುಗಿಸಿದೆ. ಅವಳ ಕೈಯಿಂದ ಇನ್ನು ಒಂದು ತೊಟ್ಟು ನೀರನ್ನೂ ಮುಟ್ಟಬಾರದು ಎಂದು ನಿಶ್ಚಯಿಸಿದ್ದೆ. ಗೊತ್ತಿದ್ದೂ ಕೊಟ್ಟಳಲ್ಲ, ತುಟಿಯ ಮೇಲೆ ಬೆರಳಿಟ್ಟಾಗ ಕಣ್ಣು ಮುಚ್ಚಿ ತೆರೆದವಳು ಇವಳೇ ಅಲ್ಲವೇ ಎಂದು ಒಳಗೆ ಕುದಿಯುತ್ತಿತ್ತು. ಅವಳನ್ನು ಅಷ್ಟು ದ್ವೇಷಿಸಿದ ಹಾಗೆ ನಾನು ಯಾರನ್ನೂ ದ್ವೇಷಿಸಿರಲಿಲ್ಲ.

ಅವಳು ಹಾಲಿನ ಬಟ್ಟಲನ್ನು ಕೆಳಗಿಟ್ಟು, ನನ್ನ ಸೆರಗಿನ ತುದಿಯ ಬಿಚ್ಚಿದ ಗಂಟನ್ನು ಎತ್ತಿ ನೋಡಿದಳು. ಆಮೇಲೆ ಬಾಗಿಲಿಗೆ ಹೋಗಿ ಗಂಡನನ್ನು ಕೂಗಿದಳು. ಮುದುಕನ ಹಿಂದೆ ನಮ್ಮವರೂ ಬಂದು ಹೊಸ್ತಿಲಲ್ಲಿ ನಿಂತರು. ಸ್ತಮಾತಾ ನನ್ನನ್ನೇ ನೋಡುತ್ತ ತನ್ನ ಭಾಷೆಯಲ್ಲಿ ಹೇಳತೊಡಗಿದಳು. ಮುದುಕ ಬೇಡ ಎನ್ನುವಂತೆ ಕೈಯಾಡಿಸಿದ. ಅವಳು ನಿಲ್ಲಿಸಲಿಲ್ಲ. ಕೊನೆಗೆ ಅವನು ನೆಲ ನೋಡುತ್ತ ಒಂದೊಂದೇ ಮಾತನ್ನು ಇಂಗ್ಲಿಷಿಗೆ ತಂದ, ನಮ್ಮವರು ಅದನ್ನು ಕನ್ನಡಕ್ಕೆ ತಂದರು.

"ಇವ್ರಿಗೆ ಒಬ್ಬಳು ಮಗಳಿದ್ಲಂತೆ. ಹೆರೋಕ್ ಆಗ್ದೆ ಹೋಗ್ಬಿಟ್ಲಂತೆ. ಮಗು ಹೊಟ್ಟೇಲೇ ಇತ್ತಂತೆ. ಪಾದ್ರಿ ವರ್ಷಾ ವರ್ಷಾ ಮಗಳ ಹೆಸರು ಓದ್ತಾನೆ. ಮಗೂಗೆ ಹೆಸರಿಲ್ಲ, ಅದಕ್ಕೆ ಅದನ್ನ ಓದೋಲ್ಲ. ಇವ್ರು ಗೋಧಿ ಬೇಯ್ಸುವಾಗ ಅದರ ಪಾಲಿಗೂ ಒಂದು ಹಿಡಿ ಹೆಚ್ಗೆ ಹಾಕ್ತಾರಂತೆ. ಆದ್ರೆ ಆ ಹಿಡಿಯನ್ನ ಯಾರಿಗೆ ಕೊಡೋದು? ಹೆಸರಿರೋರು ತಿಂದ್ರೆ ಅದಕ್ಕೆ ಸೇರೋಲ್ಲ ಅಂತ ಇವ್ರ ಮನಸ್ಸಿಗೆ. ಹಂಗೇ ಉಳೀತಿತ್ತಂತೆ. ಈ ವರ್ಷ ನೀನು ಗಾಡಿ ಇಳಿಯೋದು ನೋಡಿ, ಅದನ್ನ ನಿನ್ನ ಹೊಟ್ಟೇಲಿರೋ..."

ನಮ್ಮವರ ಮಾತು ಅಲ್ಲಿಗೇ ನಿಂತಿತು. ನನ್ನನ್ನು ನೋಡಿದರು, ಮಂಚದ ಅಡಿಯ ಇಟ್ಟಿಗೆಗಳನ್ನು ನೋಡಿದರು. ಆ ಇಟ್ಟಿಗೆಗಳ ಅರ್ಥ ಅವರಿಗೂ ಗೊತ್ತಿತ್ತು. ಹೊಸ್ತಿಲ ಮೇಲೆ ಹಾಗೆಯೇ ಕುಸಿದು ಕೂತರು.

ನಾನು ಅವರಿಗೆ ಸಮಾಧಾನ ಹೇಳುವ ಸ್ಥಿತಿಯಲ್ಲಿರಲಿಲ್ಲ. ಸತ್ತ ಕೂಸಿನ ಪಾಲನ್ನು ನನ್ನ ಕೂಸಿಗೆ ತಿನ್ನಿಸಿದಳೇ ಎಂಬ ಒಂದೇ ಉರಿ. "ಅದನ್ನ ತಿಂದ್ರೆ ನನ್ನ ಮಗು ಉಳೀತದಾ, ಕೇಳ್ರೀ ಅವಳನ್ನ," ಎಂದೆ.

ನಮ್ಮವರು ಕೇಳಿದರು. ಮುದುಕ ಹೆಂಡತಿಯನ್ನು ಕೇಳಿದ. ಅವಳು ಉತ್ತರ ಕೊಟ್ಟಳು. ಆ ಉತ್ತರ ಇಬ್ಬರು ಗಂಡಸರನ್ನು ದಾಟಿ ನನಗೆ ತಲುಪಿತು.

"ಗೊತ್ತಿಲ್ಲ ಅಂತಾರೆ. ಆದ್ರೆ ಈ ವರ್ಷ ಅವ್ರ ಮಗು ಹಸ್ಕೊಂಡಿಲ್ಲವಂತೆ."

ಮುಂದೆ ಊರಿಗೆ ಮರಳಿ, ವೈಶಾಖದಲ್ಲಿ ನರಸೀಪುರದ ತವರಿನಲ್ಲಿ ನಾನು ಹೆಣ್ಣುಮಗುವನ್ನು ಹೆತ್ತೆ. ಇದನ್ನು ಬರೆಯುವಾಗ ಅವಳು ನನ್ನ ಮಸಿಕುಡಿಕೆಗೆ ಕೈಹಾಕುತ್ತಿದ್ದಾಳೆ. ಗೋಧಿಯಿಂದ ಉಳಿದಳೋ, ಇಟ್ಟಿಗೆಯಿಂದ ಉಳಿದಳೋ, ಉಳಿಯುವವಳಾಗಿದ್ದರಿಂದ ಉಳಿದಳೋ ನನಗೆ ತಿಳಿಯದು. ಆದರೆ ಆ ಸಂಜೆ ಇದು ಯಾವುದೂ ನಮಗೆ ಗೊತ್ತಿರಲಿಲ್ಲ. ನೋವು ಇನ್ನೂ ಹಿಡಿದು ಬಿಡುತ್ತಲೇ ಇತ್ತು.

ಹಸಿದುಕೊಂಡಿಲ್ಲ ಎಂಬ ಆ ಒಂದು ಮಾತು ನನ್ನನ್ನು ಬಾಳೆಯ ಬುಡಕ್ಕೆ ಒಯ್ದು ನಿಲ್ಲಿಸಿತು. ಎಷ್ಟು ವರ್ಷವಾಗಿತ್ತು. ನಾನು ಆ ಎರಡಕ್ಕಾಗಿ ಅತ್ತಿದ್ದೆ, ಹೆದರಿದ್ದೆ, ಕೋಣೆಯಿಂದ ಓಡಿ ಬಂದಿದ್ದೆ. ಅವಕ್ಕೆ ಹಸಿವಾದೀತು ಎಂದು ನನಗೆ ಒಂದು ದಿನವೂ ಹೊಳೆದಿರಲಿಲ್ಲ. ಹಾಲಿನ ಬಟ್ಟಲನ್ನು ಕೊಡು ಎಂದು ಕೈಚಾಚಿದೆ. ಸ್ತಮಾತಾ ನನ್ನ ತಲೆಯನ್ನು ಎತ್ತಿ ಹಿಡಿದು ಕುಡಿಸಿದಳು. ಕುಡಿದು ಮುಗಿಸಿ ನಮ್ಮವರನ್ನು ಕರೆದೆ. ಅವರು ಹೊಸ್ತಿಲಿನಿಂದ ಎದ್ದು ಹತ್ತಿರ ಬಂದರು.

"ಇನ್ನೂ ಎರಡು ಹಿಡಿ ಬೇಯ್ಸಕ್ಕೆ ಆಗ್ತದಾ, ಕೇಳ್ರೀ," ಎಂದೆ.

ನಮ್ಮವರು ಆ ಮಾತನ್ನು ಮುದುಕನಿಗೆ ದಾಟಿಸಲಾರದೆ ಅಳತೊಡಗಿದರು. ಸ್ತಮಾತಾ ನಾನು ಎತ್ತಿ ಹಿಡಿದಿದ್ದ ಎರಡು ಬೆರಳುಗಳನ್ನು ನೋಡಿದಳು. ಯಾರೂ ಏನೂ ಹೇಳುವ ಮೊದಲೇ ಎದ್ದು, ಗೋಧಿಯ ಮಡಕೆಯ ಮುಚ್ಚಳ ತೆಗೆದಳು.